ಬಿರುಕಿಗೆ ಅಂಟಿಸಿದ ಕಾಗದ

2022ರಲ್ಲಿ ‘ಕೆ.ಜಿ.ಎಫ್.’ ಚಲಚ್ಚಿತ್ರದ ಎರಡನೆಯ ಭಾಗವನ್ನು ನೋಡಿ ಬಂದು ನಾನೊಂದು ಲೇಖನ ಬರೆದೆ. ಅದರಲ್ಲಿ ‘ಪಾಳುಬಿದ್ದ ಉರಿಗಾಂ’ ಎಂಬ ಮಾತು ಬಂದಿತ್ತು. ವಿಮರ್ಶಕರಾದ ನಮಗೆ ಇಂಥ ವಿಶೇಷಣಗಳು ಬಹಳ ಅಗ್ಗವಾಗಿ ಸಿಕ್ಕುತ್ತವೆ. ಬರೆಯುವಾಗ ಕೈ ತಡೆಯುವುದಿಲ್ಲ. ವಾರ ಕಳೆಯುವುದರೊಳಗೆ ಒಂದು ಕಾಗದ ಬಂತು. ಬರೆದವರು ಗಣಿಯಲ್ಲಿ ದುಡಿದು ನಿವೃತ್ತರಾದ ಹಿರಿಯರು, ಉರಿಗಾಂನವರೇ. ಮನೆಮಾತು ತಮಿಳು, ಕನ್ನಡದ ಅಕ್ಷರಗಳನ್ನು ಒಂದೊಂದಾಗಿ ಜೋಡಿಸಿ ಬರೆದಂತಿತ್ತು. ಕೋಪವೇನೂ ಇರಲಿಲ್ಲ. ಬೆಳಗಿನ ಗಾಡಿಯ ಹೊತ್ತಿಗೆ ಉರಿಗಾಂ ಸ್ಟೇಷನ್ನಿಗೆ ಬಂದು ನಿಂತು ನೋಡಬೇಕು, ಪಾಳೂರಿನಿಂದ ಅಷ್ಟು ಜನ ಬೆಂಗಳೂರಿಗೆ ಕೆಲಸಕ್ಕೆ ಹೊರಡುವುದು ಹೇಗೆಂದು ತಮಗೆ ತಿಳಿಸಬೇಕು ಎಂದಷ್ಟೇ ಕೇಳಿದ್ದರು.

ಉತ್ತರ ಬರೆಯಲು ನಾಚಿಕೆಯಾಗಿ, ಹೋಗಿಯೇ ಬರೋಣವೆಂದು ಹೊರಟೆ. ಆ ಪಯಣದಿಂದ ಹುಟ್ಟಿದ ಒಂದೆರಡು ಸಾಹಿತ್ಯವಿಚಾರಗಳನ್ನು ಓದುಗರ ಮುಂದಿಡುವುದು ಈ ಬರಹದ ಉದ್ದೇಶ. ಪ್ರವಾಸಕಥನವೆಂದು ಇದನ್ನು ಯಾರೂ ಭಾವಿಸಬಾರದು. ಆ ಕಲೆ ನನಗೆ ಬಾರದು.

ಬಂಗಾರಪೇಟೆಯಲ್ಲಿ ದೊಡ್ಡ ರೈಲುದಾರಿಯನ್ನು ಬಿಟ್ಟರೆ ಮಾರಿಕುಪ್ಪಂವರೆಗೆ ಒಂದು ಚಿಕ್ಕ ಕವಲು. 1894ರಲ್ಲಿ ಗಣಿಗಾಗಿಯೇ ಹಾಕಿದ್ದು. ಆಗ ಬಂಗಾರಪೇಟೆಗೆ ಬೌರಿಂಗ್‌ಪೇಟೆ ಎಂದು ಹೆಸರು. ಕೋರಮಂಡಲ್, ಉರಿಗಾಂ, ಚಾಂಪಿಯನ್, ಮಾರಿಕುಪ್ಪಂ ಎಂದು ಒಂದರ ಹಿಂದೊಂದು ಕೂಗಳತೆಯಲ್ಲಿ ನಿಲ್ದಾಣಗಳು. ಗಣಿಗಳು ಮುಚ್ಚಿದ್ದು 2001ರ ಫೆಬ್ರವರಿ 28ರಂದು. ಇಷ್ಟು ವರ್ಷವಾದರೂ ಆ ನಿಲ್ದಾಣಗಳಲ್ಲಿ ಬೆಳಗಿನ ಹೊತ್ತು ನಿಲ್ಲಲು ಜಾಗವಿರುವುದಿಲ್ಲ. ಬುತ್ತಿ ಹಿಡಿದ ಹುಡುಗರು, ಹೆಣ್ಣುಮಕ್ಕಳು; ಗಾಡಿ ನಿಲ್ಲುವ ಮೊದಲೇ ಸೀಟಿಗೆ ಕರವಸ್ತ್ರ ಎಸೆಯುವ ಚಾತುರ್ಯ. ನನ್ನ ‘ಪಾಳು’ ಅಲ್ಲೇ ಮುರಿದುಬಿತ್ತು.

ಹಿರಿಯರು ನನ್ನನ್ನು ಮನೆಗೆ ಕರೆದುಕೊಂಡು ಹೋದರು. ಕಾರ್ಮಿಕರ ಲೈನಿನಲ್ಲಿ ಒಂದು ಮನೆ. ಕಾಫಿಯ ನಂತರ ಅವರು ತೋರಿಸಿದ್ದು ಒಂದು ಗೋಡೆಯನ್ನು. ಮೇಲಿನ ಮೂಲೆಯಿಂದ ಕಿಟಕಿಯವರೆಗೆ ಓರೆಯಾಗಿ ಇಳಿದ ಬಿರುಕು. ಅದನ್ನು ತುಂಬಿದ್ದು ಒಂದೇ ಬಾರಿಯಲ್ಲ ಎಂಬುದು ನೋಡಿದೊಡನೆ ತಿಳಿಯುತ್ತಿತ್ತು. ಒಳಗೆ ಮಣ್ಣು, ಅದರ ಮೇಲೆ ಗಾರೆ, ಅದರ ಮೇಲೆ ಸಿಮೆಂಟು, ಸಿಮೆಂಟಿನಲ್ಲೂ ಎರಡು ಬಣ್ಣ. ಅವರ ತಂದೆ ತುಂಬಿದ್ದೆಷ್ಟು, ತಾವು ತುಂಬಿದ್ದೆಷ್ಟು ಎಂದು ಬೆರಳಿಟ್ಟು ತೋರಿಸಿದರು. ಒಂದು ಹಳೆಯ ಗ್ರಂಥದ ಪಾಠಾಂತರಗಳನ್ನು ಪಂಡಿತರು ಬಿಡಿಸಿ ಹೇಳುವ ಹಾಗೆಯೇ ಇತ್ತು ಅದು.

ಈ ಬಿರುಕು ಎಲ್ಲಿಂದ ಬಂತು ಎಂಬುದನ್ನು ಸ್ವಲ್ಪ ಹೇಳಬೇಕು. ಚಾಂಪಿಯನ್ ರೀಫ್ ಗಣಿ ಮೂರು ಕಿಲೋಮೀಟರಿಗೂ ಹೆಚ್ಚು ಆಳ. ಅಷ್ಟು ಆಳದ ಬಂಡೆಯ ಮೇಲೆ ಭೂಮಿಯ ಭಾರವೆಲ್ಲ ಕೂತಿರುತ್ತದೆ. ಅದಿರನ್ನು ತೆಗೆದಂತೆಲ್ಲ ಆ ಭಾರ, ಬಿಟ್ಟಿರುವ ಕಂಬಗಳ ಮೇಲೂ ಅಂಚುಗಳ ಮೇಲೂ ಬೀಳುತ್ತದೆ. ತಡೆಯುವಷ್ಟು ತಡೆದು ಒಂದು ಗಳಿಗೆಯಲ್ಲಿ ಬಂಡೆ ಸಿಡಿಯುತ್ತದೆ. ಸಿಡಿದದ್ದು ಕೆಳಗೆ, ನಡುಗುವುದು ಮೇಲಿನ ಊರು. ಇಂಗ್ಲಿಷಿನಲ್ಲಿ ರಾಕ್‌ಬರ್ಸ್ಟ್ ಎನ್ನುತ್ತಾರೆ. ಊರಿನವರು ಬರೀ ‘ಬರ್ಸ್ಟು’ ಎಂದು ಕರೆದು ಅದನ್ನು ತಮ್ಮದಾಗಿ ಮಾಡಿಕೊಂಡಿದ್ದಾರೆ. ಹತ್ತೊಂಬತ್ತನೆಯ ಶತಮಾನದ ಕೊನೆಯಿಂದಲೇ ಇದು ವರದಿಯಾಗುತ್ತ ಬಂದಿದೆ. 1962ರ ನವೆಂಬರಿನಲ್ಲಿ ಚಾಂಪಿಯನ್ ರೀಫ್‌ನಲ್ಲಿ ಆದದ್ದು ದೊಡ್ಡವುಗಳಲ್ಲಿ ಒಂದು; ಕೆಳಗೆ ಸುರಂಗಗಳು ಕುಸಿದದ್ದಲ್ಲದೆ ಮೇಲಿನ ಕಟ್ಟಡಗಳಿಗೂ ಪೆಟ್ಟು ಬಿತ್ತು. ಆ ತಿಂಗಳು ದೇಶದ ಗಮನವೆಲ್ಲ ಚೀಣದ ಗಡಿಯ ಮೇಲಿತ್ತು. ಗಣಿಗಳು ಮೈಸೂರು ಸರ್ಕಾರದ ಕೈಯಿಂದ ಕೇಂದ್ರದ ಕೈಗೆ ಹೋದದ್ದೂ ಅದೇ ವರ್ಷವೇ. ಇವೆರಡರ ನಡುವೆ ಉರಿಗಾಂನ ಗೋಡೆಗಳನ್ನು ಎಣಿಸುವವರು ಯಾರು?

ಇದು ಪ್ರಕೃತಿವಿಕೋಪವೆ ಎಂದು ಓದುಗರು ಕೇಳಬಹುದು. ನ್ಯಾಯವಾದ ಪ್ರಶ್ನೆ. ಭೂಕಂಪದಂತೆ ನೆಲ ನಡುಗುತ್ತದೆ, ಭೂಕಂಪಮಾಪಕದಲ್ಲಿ ದಾಖಲಾಗುತ್ತದೆ. ಆದರೆ ನಡುಗಿಸಿದ್ದು ಅಗೆದ ಕೈ. ನನಗೆ ಮಾತ್ರ ಶುದ್ಧ ಪ್ರಕೃತಿವಿಕೋಪ ಎಂಬುದೊಂದು ಇದೆಯೆಂಬ ನಂಬಿಕೆಯೇ ಈಚೆಗೆ ಕಡಮೆಯಾಗಿದೆ. ನದಿಯ ಪಾತ್ರದಲ್ಲಿ ಮನೆ ಕಟ್ಟಿಕೊಂಡವನಿಗೆ ನೆರೆ, ಗುಡ್ಡ ಕಡಿದವನಿಗೆ ಗುಡ್ಡ. 2018ರ ಆಗಸ್ಟಿನಲ್ಲಿ ಕೊಡಗಿನಲ್ಲಿ ಮಣ್ಣು ಇಳಿದಾಗಲೂ ಮಳೆ ಎಷ್ಟು, ಮನುಷ್ಯ ಎಷ್ಟು ಎಂದು ಲೆಕ್ಕ ಹಾಕುವುದರಲ್ಲೇ ಬಹಳ ದಿನ ಹೋಯಿತು. ಮನೆ ಬಿದ್ದವನಿಗೆ ಆ ಲೆಕ್ಕದಿಂದ ಆಗಬೇಕಾದ್ದು ಅಷ್ಟರಲ್ಲೇ ಇದೆ. ಅವನ ಪ್ರಶ್ನೆ ಬೇರೆ: ನಾಳೆ ಯಾರು, ಯಾವುದರಿಂದ, ಎಲ್ಲಿ ಕಟ್ಟುತ್ತಾರೆ?

ಈ ಪ್ರಶ್ನೆಯನ್ನು ನಮ್ಮ ಸಾಹಿತ್ಯ ಹೇಗೆ ಎದುರಿಸಿದೆ ಎಂಬುದೇ ನನ್ನ ವಿಷಯ.

‘ಸಂಸ್ಕಾರ’ವನ್ನು ತೆಗೆದುಕೊಳ್ಳಿ. 1965ರಲ್ಲಿ ಬಂದ ಅನಂತಮೂರ್ತಿಯವರ ಈ ಕಾದಂಬರಿಯಲ್ಲಿ ಪ್ಲೇಗು ಬರುತ್ತದೆ, ಇಲಿಗಳು ಸಾಯುತ್ತವೆ, ಅಗ್ರಹಾರ ಖಾಲಿಯಾಗುತ್ತದೆ. ನಾರಣಪ್ಪನ ಹೆಣಕ್ಕೆ ಸಂಸ್ಕಾರ ಮಾಡುವವರು ಯಾರು ಎಂಬುದರ ಮೇಲೆ ಕಥೆಯೆಲ್ಲ ನಿಂತಿದೆ. ಧರ್ಮಜಿಜ್ಞಾಸೆಯನ್ನು ಕುರಿತು ನಾವು ಬರೆದ ವಿಮರ್ಶೆಗಳನ್ನು ಒಟ್ಟಿದರೆ ಆಳೆತ್ತರವಾದೀತು. ಅದರಲ್ಲಿ ನನ್ನ ಪಾಲೂ ಉಂಟು. ಆದರೆ ಹೆಣವನ್ನು ಸುಟ್ಟವರು ಯಾರು? ಚಂದ್ರಿ. ಪಂಡಿತರು ತಾಳೆಗರಿ ತಿರುವುತ್ತಿರುವಾಗ ಅವಳು ರಾತ್ರೋರಾತ್ರಿ ಹೋಗಿ, ಒಬ್ಬ ಮುಸಲ್ಮಾನನ ಗಾಡಿಯ ನೆರವು ಪಡೆದು ಕೆಲಸ ಮುಗಿಸಿ, ಊರು ಬಿಟ್ಟು ಹೊರಟುಹೋಗುತ್ತಾಳೆ. ಕಾದಂಬರಿ ಅದಕ್ಕೆ ಕೊಟ್ಟ ಜಾಗ ಬಹಳ ಸ್ವಲ್ಪ. ವಿಮರ್ಶೆಯಂತೂ ಅಷ್ಟನ್ನೂ ಕೊಡಲಿಲ್ಲ. ಲೇಖಕರಿಗೆ ಇದು ತಿಳಿಯದೆ ಆದದ್ದೆಂದು ನಾನು ಹೇಳುವುದಿಲ್ಲ; ಅಗ್ರಹಾರಕ್ಕೆ ಕಾಣದ್ದು ಹಾಗೆಯೇ ಕಾಣದಂತೆ ನಡೆಯಬೇಕಾಗಿತ್ತು. ಓದುವ ನಾವು ಕೂಡ ಅಗ್ರಹಾರದವರಾಗಿಯೇ ಓದಿದೆವಲ್ಲ, ಅದು ನನ್ನ ಕೊರಗು.

ನಾ. ಡಿಸೋಜ ಅವರ ‘ದ್ವೀಪ’ ಶರಾವತಿಯ ಮುಳುಗಡೆಯ ಕಥೆ. ಅದನ್ನಾಧರಿಸಿ ಗಿರೀಶ ಕಾಸರವಳ್ಳಿಯವರು 2002ರಲ್ಲಿ ಮಾಡಿದ ಚಿತ್ರದ ಕೊನೆಯನ್ನು ನಾನು ಮರೆಯಲಾರೆ. ಏರುವ ನೀರಿನ ನಡುವೆ ಮನೆಯನ್ನು ಉಳಿಸಿಕೊಂಡದ್ದು ನಾಗಿ. ಅವಳ ದುಡಿಮೆ, ಅವಳ ಛಲ. ಬೆಳಗಾದ ಮೇಲೆ ಗಂಡ ಗಣಪ ಅದೆಲ್ಲವನ್ನೂ ದೇವರ ಕೃಪೆಯ ಖಾತೆಗೆ ಜಮಾ ಮಾಡುತ್ತಾನೆ. ನಾಗಿಯ ಮುಖವನ್ನು ತೋರಿಸಿ ಕಾಸರವಳ್ಳಿಯವರು ಸುಮ್ಮನಾಗುತ್ತಾರೆ. ಆಪತ್ತಿನ ಸಾಹಿತ್ಯದಲ್ಲಿ ಇದಕ್ಕಿಂತ ನಿಜವಾದ ಕ್ಷಣವನ್ನು ನಾನು ಕಂಡಿಲ್ಲ. ಕಟ್ಟುವುದು ಒಬ್ಬರು, ಹೆಸರು ಮತ್ತೊಬ್ಬರಿಗೆ. ಸರ್ಕಾರದ ವರದಿಗಳಲ್ಲಿ ದೇವರ ಬದಲು ಬೇರೆ ಹೆಸರು ಬರುತ್ತದೆ, ಅಷ್ಟೆ.

ಇದು ನಮ್ಮ ಭಾಷೆಯೊಂದರ ದೋಷವೇನೂ ಅಲ್ಲ. 1755ರ ನವೆಂಬರ್ 1ರಂದು ಲಿಸ್ಬನ್ ನಗರ ಭೂಕಂಪದಿಂದ ನೆಲಸಮವಾದಾಗ ಯೂರೋಪು ಓದಿದ್ದು ವಾಲ್ಟೇರನ ಪದ್ಯವನ್ನು, ಆಮೇಲೆ ಅವನ ‘ಕ್ಯಾಂಡೀಡ್’ ಕಥೆಯನ್ನು. ದೇವರು ಒಳ್ಳೆಯವನೋ ಅಲ್ಲವೋ ಎಂಬ ಚರ್ಚೆ ಇಂದಿಗೂ ಮುಗಿದಿಲ್ಲ. ಅತ್ತ ಪೊಂಬಾಲನ ಕಾಲದ ಎಂಜಿನಿಯರುಗಳು ಗೋಡೆಯ ಒಳಗೆ ಮರದ ಪಂಜರವಿಟ್ಟು ಕಟ್ಟುವ ಒಂದು ಕ್ರಮವನ್ನು ರೂಪಿಸಿದರು. ಮಾದರಿಯ ಸುತ್ತ ಸಿಪಾಯಿಗಳನ್ನು ದಪದಪನೆ ನಡೆಸಿ ಅಲುಗಾಟವನ್ನು ಪರೀಕ್ಷಿಸಿದರಂತೆ. ಆ ಬೀದಿಗಳು ಇಂದೂ ನಿಂತಿವೆ. ವಾಲ್ಟೇರನನ್ನು ಓದಿದ ನಾವು ಆ ಪಂಜರದ ವಿಚಾರವನ್ನು ಎಂದಾದರೂ ಪಾಠದಲ್ಲಿ ಕೇಳಿದೆವೆ?

ಬೆಂಗಳೂರಿನ ಓದುಗರು ದೂರ ಹೋಗಬೇಕಾಗಿಯೂ ಇಲ್ಲ. 1898ರಲ್ಲಿ ರೈಲಿನಲ್ಲಿ ಬಂದ ಪ್ಲೇಗು ಹಳೆಯ ಪೇಟೆಯನ್ನು ಹಿಂಡಿತು. ಆ ದಶಕದಲ್ಲಿ ರೂಪುಗೊಂಡಿದ್ದ ಮಲ್ಲೇಶ್ವರ, ಬಸವನಗುಡಿ ಬಡಾವಣೆಗಳಿಗೆ ಜನ ಭರದಿಂದ ತುಂಬಿದ್ದು ಅದರ ನಂತರ. ಅಗಲವಾದ ರಸ್ತೆ, ಮನೆಯ ಸುತ್ತ ಗಾಳಿ ಬೆಳಕು, ಹಿಂದುಗಡೆ ಜಾಡಮಾಲಿಗಳು ಬಂದುಹೋಗಲೆಂದು ಬಿಟ್ಟ ಕಿರಿದಾದ ಓಣಿ. ಆ ಓಣಿಯನ್ನು ನಾವು ಮಕ್ಕಳಾಗಿದ್ದಾಗ ಕ್ರಿಕೆಟ್ಟಿಗೆ ಬಳಸಿದೆವು. ಅದು ಪ್ಲೇಗಿನ ಭಯದಿಂದ ಹುಟ್ಟಿದ ನಗರಯೋಜನೆಯ ತುಣುಕೆಂದಾಗಲಿ, ಆ ಓಣಿಯಲ್ಲಿ ನಡೆದವರಿಗೆ ಮುಂಬಾಗಿಲು ಏಕಿರಲಿಲ್ಲವೆಂದಾಗಲಿ ಯಾರೂ ಹೇಳಿಕೊಡಲಿಲ್ಲ. ನಮ್ಮ ಸಾಹಿತ್ಯಕ್ಕಿಂತ ಪ್ಲೇಗಿನ ಮಾರಿಯಮ್ಮನ ಗುಡಿಗಳ ನೆನಪು ಈ ವಿಷಯದಲ್ಲಿ ಗಟ್ಟಿ.

ಮತ್ತೆ ಗಣಿಗೆ ಬರೋಣ. ಒಂದು ಬರ್ಸ್ಟು ಆದ ಮೇಲೆ ಕೆಳಗೆ ಏನು ನಡೆಯುತ್ತಿತ್ತು ಎಂದು ಹಿರಿಯರನ್ನು ಕೇಳಿದೆ. ಮೊದಲು ಸಿಕ್ಕಿಕೊಂಡವರನ್ನು ತೆಗೆಯುವುದು. ಆಮೇಲೆ, ದಾರಿಯನ್ನು ಮತ್ತೆ ಕಟ್ಟುವುದು. ಆದಿಯಲ್ಲಿ ಮರದ ದಿಮ್ಮಿಗಳ ಆಧಾರವಿತ್ತು. ಬಂಡೆ ಅದನ್ನು ಕಡ್ಡಿಯ ಹಾಗೆ ಮುರಿಯಿತು. ಆಮೇಲೆ ಗ್ರಾನೈಟ್ ಕಲ್ಲು ಕೆತ್ತಿ ಒತ್ತಾಗಿ ಗೋಡೆ ಕಟ್ಟಿದರು. ಅದಾದ ಮೇಲೆ ಕಾಂಕ್ರೀಟು ಬಂತು. ಅಗೆಯುವ ಕ್ರಮವೂ ಬದಲಾಯಿತು: ಅಲ್ಲೊಂದು ಇಲ್ಲೊಂದು ಕಂಬವನ್ನು ಬಿಟ್ಟು ಭಾರವೆಲ್ಲ ಅದರ ಮೇಲೆ ಬೀಳುವಂತೆ ಮಾಡಬಾರದೆಂಬುದನ್ನು ಸಾವುಗಳಿಂದಲೇ ಕಲಿತರು. ಮೇಲೆ ಭೂಕಂಪಮಾಪಕಗಳನ್ನಿಟ್ಟು ಆಲಿಸಿದರು. 1988ರಲ್ಲಿ ಬಂಡೆಗಳ ವರ್ತನೆಯ ಅಧ್ಯಯನಕ್ಕೆಂದೇ ರಾಷ್ಟ್ರೀಯ ಸಂಸ್ಥೆಯೊಂದು ಇದೇ ಊರಿನಲ್ಲಿ ಹುಟ್ಟಿತು. ಅಂದರೆ, ಒಂದು ಆಪತ್ತಿನಿಂದ ಚೇತರಿಸಿಕೊಳ್ಳುವುದು ಹೇಗೆ ಎಂಬುದನ್ನು ಈ ಊರು ನೂರು ವರ್ಷ, ಮೇಲೂ ಕೆಳಗೂ, ಮತ್ತೆ ಮತ್ತೆ ಅಭ್ಯಾಸ ಮಾಡಿದೆ. ಅದೂ ಸಂಬಳದ ದಿನ ತಪ್ಪದಂತೆ.

ಇದನ್ನೆಲ್ಲ ಬಲ್ಲವರು ನೋಡಿದರೆ ‘ಕೆ.ಜಿ.ಎಫ್.’ ಚಿತ್ರ ಹೇಗೆ ಕಾಣುತ್ತದೆ? ಚಿತ್ರ ಕೌಶಲದಲ್ಲಿ ಕಡಮೆಯಲ್ಲ. ಆ ಕಪ್ಪು, ಆ ಧೂಳು, ಆ ಸಂಗೀತದ ಮೊಳಗು ಕಣ್ಣು ಕಿವಿಗಳನ್ನು ಹಿಡಿದಿಡುತ್ತವೆ. 2018ರಲ್ಲಿ ಮೊದಲ ಭಾಗ ಬಂದಾಗ ಕನ್ನಡ ಚಿತ್ರವೊಂದು ದೇಶದ ತುಂಬ ಓಡಿತೆಂದು ನಾನೂ ಹೆಮ್ಮೆಪಟ್ಟೆ. ನಾರಾಚಿ ಎಂಬುದು ಕಲ್ಪಿತ ಗಣಿ, ಕಟ್ಟುಕಥೆಗೆ ಆ ಸ್ವಾತಂತ್ರ್ಯ ಉಂಟು. ನನ್ನ ಆಕ್ಷೇಪ ಇತಿಹಾಸ ತಪ್ಪಿತೆಂದಲ್ಲ. ಅಲ್ಲಿ ಜನರಿಗೆ ಎರಡೇ ಕೆಲಸ: ನರಳುವುದು, ನಾಯಕ ಬಂದ ಮೇಲೆ ಜಯಕಾರ ಹಾಕುವುದು. ಮುರಿದದ್ದನ್ನು ಸರಿಪಡಿಸಿದ ಒಂದು ಕೈಯೂ ನೋಡಿ ಬಂದವನ ನೆನಪಿನಲ್ಲಿ ಉಳಿಯುವುದಿಲ್ಲ. ಸಯನೈಡ್ ದಿಬ್ಬಗಳ ಮೇಲೆ ಕ್ಯಾಮರಾ ಇಟ್ಟವರು ದಿಬ್ಬದ ಬುಡದಲ್ಲಿ ಜನ ಒಲೆ ಹಚ್ಚುವುದನ್ನು ಕಂಡಿರಲೇಬೇಕು. ಗಾಳಿಯ ದಿನಗಳಲ್ಲಿ ಆ ಬಿಳಿ ಧೂಳು ಎದ್ದು ಅನ್ನದ ತಟ್ಟೆಗೆ ಬೀಳುತ್ತದೆ. ಕಿಟಕಿಗೆ ಒದ್ದೆ ಬಟ್ಟೆ ಕಟ್ಟಿ ಉಣ್ಣುವ ಮನೆಗಳಲ್ಲಿ ನಾಯಕನಿಗೆ ಕೆಲಸವಿಲ್ಲ, ನಿಜ.

ಪಾ. ರಂಜಿತ್ ಅವರ ‘ತಂಗಲಾನ್’ (2024) ತಮಿಳಿನದು. ಆರ್ಕಾಟಿನ ಕಡೆಯಿಂದ ಚಿನ್ನದ ಆಸೆಗೆ, ಹಸಿವಿಗೆ ಹೊರಟ ಜನರನ್ನು ಅದು ಕಥೆಯ ನಡುವೆ ನಿಲ್ಲಿಸುತ್ತದೆ. ನೆಲ ಯಾರದು ಎಂದು ಕೇಳುತ್ತದೆ. ಪ್ರಶ್ನೆ ದೊಡ್ಡದು, ಬೇಕಾದದ್ದು. ಆದರೆ ಅದೂ ಅರ್ಧದಾರಿಯಲ್ಲಿ ಪುರಾಣದೊಳಗೆ ಇಳಿದುಹೋಗುತ್ತದೆ. ಗಣಿಯ ಜನ ಒಂದೋ ಗುಲಾಮರಾಗಬೇಕು, ಇಲ್ಲವೇ ಪುರಾಣಪುರುಷರಾಗಬೇಕು ಎಂಬ ಹಟ ಏಕೋ! ಜಾನಕಿ ನಾಯರ್ ಅವರು ಮೈಸೂರು ಸಂಸ್ಥಾನದ ಗಣಿ ಮತ್ತು ಗಿರಣಿ ಕಾರ್ಮಿಕರನ್ನು ಕುರಿತು 1998ರಲ್ಲಿ ಪ್ರಕಟಿಸಿದ ಇಂಗ್ಲಿಷ್ ಅಧ್ಯಯನದಲ್ಲಿ ಈ ಜನ ಸಂಘ ಕಟ್ಟುವವರು, ಮುಷ್ಕರ ಹೂಡುವವರು; ಬುದ್ಧಿಯುಳ್ಳ ಸಾಮಾನ್ಯ ಮನುಷ್ಯರು.

ಕನ್ನಡದ ಪಾಡೇನು? ಇದೇ ಸೀಮೆಯ ಮಾಲೂರು ನಮಗೆ ಮಾಸ್ತಿಯವರನ್ನು ಕೊಟ್ಟಿತು, ಮುಳಬಾಗಿಲು ಡಿವಿಜಿಯವರನ್ನು ಕೊಟ್ಟಿತು. ಗಣಿಯನ್ನು ನಡುಮನೆಗೆ ಕರೆತಂದ ಕಾದಂಬರಿ ಮಾತ್ರ ನನ್ನ ಕಪಾಟಿನಲ್ಲಿಲ್ಲ. ಕಾರಣ ಎಲ್ಲರಿಗೂ ಗೊತ್ತು, ಹೇಳಲು ಸಂಕೋಚ. ಅಲ್ಲಿ ದುಡಿದವರು ಬಹುಮಟ್ಟಿಗೆ ತಮಿಳರು, ತೆಲುಗರು, ಅದರಲ್ಲೂ ದಲಿತರು. ಅವರ ಚಿನ್ನ ನಮ್ಮದಾಯಿತು. ಅವರಿಗಾಗಿ 1902ರಲ್ಲಿ, ಅಲ್ಲ, ಅವರ ಯಂತ್ರಗಳಿಗಾಗಿ 1902ರಲ್ಲಿ ಶಿವನಸಮುದ್ರದಿಂದ ಎಳೆದ ವಿದ್ಯುತ್ತಿನ ತಂತಿ ನಮ್ಮ ಪಠ್ಯಪುಸ್ತಕದ ಹೆಮ್ಮೆಯಾಯಿತು. ಅವರ ದುಃಖ ಮಾತ್ರ ಪರಭಾಷೆಯದಾಗಿ ಉಳಿಯಿತು.

2001ನೆಯ ಇಸವಿಯ ಆರಂಭವನ್ನು ನೆನೆಯಿರಿ. ಜನವರಿ 26ರಂದು ಗುಜರಾತಿನಲ್ಲಿ ಭೂಕಂಪವಾಯಿತು. ಭುಜ್ ಪಟ್ಟಣ ಕುಸಿಯಿತು. ಅದಾಗಿ ಮೂವತ್ತಮೂರನೆಯ ದಿನ ಇಲ್ಲಿ ಗಣಿ ಮುಚ್ಚಿತು. ಅಲ್ಲಿ ಸತ್ತವರ ಸಂಖ್ಯೆ ಸಾವಿರಗಳಲ್ಲಿ; ಎರಡನ್ನೂ ಒಂದೇ ತಕ್ಕಡಿಯಲ್ಲಿಡುವ ಅವಿವೇಕ ನನಗಿಲ್ಲ. ನಾನು ನೋಡುತ್ತಿರುವುದು ನಂತರ ನಡೆದದ್ದನ್ನು. ಭುಜ್‌ಗಾಗಿ ಒಂದು ಪ್ರಾಧಿಕಾರ ಹುಟ್ಟಿತು, ನಕ್ಷೆಗಳು ಬಂದವು, ಬೀದಿಗಳು ಅಗಲವಾದವು. ಆ ಸೀಮೆಯ ಬಹುಪಾಲು ಮನೆಗಳನ್ನು ಮನೆಯವರೇ ಕಟ್ಟಿಕೊಂಡರು. ಸರ್ಕಾರ ಕಂತುಗಳಲ್ಲಿ ಹಣ ಕೊಟ್ಟು, ನಡುಕ ತಡೆಯುವ ಕಟ್ಟಡದ ಕ್ರಮವನ್ನು ಹೇಳಿಕೊಟ್ಟು ಮೇಲ್ವಿಚಾರಣೆ ಮಾಡಿತು. ನಮ್ಮಲ್ಲಿ 2009ರ ನೆರೆಯ ಬಳಿಕ ಉತ್ತರ ಕರ್ನಾಟಕದಲ್ಲಿ ‘ಆಸರೆ’ ಎಂಬ ಹೆಸರಿನಲ್ಲಿ ದಾನಿಗಳ ನೆರವಿನಿಂದ ಹೊಸ ಊರುಗಳೇ ಎದ್ದವು. ಒಳ್ಳೆಯ ಮನಸ್ಸಿನಿಂದಲೇ ಆದದ್ದು. ಆದರೆ ದನ ಕಟ್ಟಲು ಜಾಗವೆಲ್ಲಿ, ಹೊಲಕ್ಕೆ ದೂರವೆಷ್ಟು ಎಂದು ಕೇಳದೆ ಕಟ್ಟಿದ ಕಡೆ ಮನೆಗಳು ಖಾಲಿ ನಿಂತವು. ಜನ ಹಳೆಯ ಊರಿಗೇ ಮರಳಿದರು.

ಉರಿಗಾಂನ ಸ್ಥಿತಿ ಇವೆರಡಕ್ಕಿಂತ ವಿಚಿತ್ರ. ನೂರು ವರ್ಷ ಗೋಡೆಯನ್ನು ತುಂಬುತ್ತ ಬಂದವರು ಆ ಗೋಡೆಯ ಒಡೆಯರಾಗಿರಲಿಲ್ಲ. ಮನೆ ಕಂಪನಿಯದು, ನೆಲ ಕಂಪನಿಯದು. ಮಣ್ಣು ಕಲಸಿದ ಕೈ ಮಾತ್ರ ಇವರದು. ಗಣಿ ಮುಚ್ಚಿದ ಮೇಲೆ ನೀರೆತ್ತುವ ಪಂಪು ನಿಂತಿತು, ಸುರಂಗಗಳಿಗೆ ನೀರು ತುಂಬಿತು. ಗ್ರಾನೈಟಿನ ಆ ಗೋಡೆಗಳೆಲ್ಲ ಈಗ ನೀರಿನಡಿಯಲ್ಲಿವೆ. ಮೇಲಿನ ಗೋಡೆಯ ಮೇಲೆ ಹಕ್ಕು ಕೇಳಿ ಅರ್ಜಿ ಬರೆಯುವುದು ಮುಂದಿನ ತಲೆಮಾರಿನ ಕೆಲಸವಾಯಿತು. ಅದನ್ನು ಚೇತರಿಕೆ ಎಂದು ಕರೆಯುವವರಿಲ್ಲ, ಆಪತ್ತು ಎಂದು ಕೂಡ ಯಾರೂ ಘೋಷಿಸಲಿಲ್ಲ. ಘೋಷಣೆಯಾಗದ ಆಪತ್ತಿಗೆ ಪರಿಹಾರ ನಿಧಿಯಿಲ್ಲ. ಸಾಹಿತ್ಯವೂ ಇಲ್ಲವಾದರೆ ಹೇಗೆ?

ಹೊರಡುವ ಮುನ್ನ ಆ ಗೋಡೆಯನ್ನು ಇನ್ನೊಮ್ಮೆ ನೋಡಿದೆ. ಬಿರುಕಿನ ಅಡ್ಡಕ್ಕೆ ಒಂದು ಬೆರಳಗಲದ ಕಾಗದದ ಪಟ್ಟಿ ಅಂಟಿಸಿತ್ತು. ಮೇಲೆ ಪೆನ್ಸಿಲಿನಲ್ಲಿ ತಾರೀಖು. ಏನೆಂದು ಕೇಳಿದೆ. ಬಿರುಕನ್ನು ಕಂಡೊಡನೆ ತುಂಬಬಾರದಂತೆ. ಕಾಗದ ಅಂಟಿಸಿ ಒಂದು ಮಳೆಗಾಲ ಕಾಯಬೇಕು. ಹರಿದರೆ ಗೋಡೆ ಇನ್ನೂ ನಡೆಯುತ್ತಿದೆ ಎಂದರ್ಥ. ಹರಿಯದಿದ್ದರೆ ಆಗ ಗಾರೆ ಕಲಸಬಹುದು. ಗಣಿಯ ಮೇಸ್ತ್ರಿಯೊಬ್ಬರಿಂದ ಅವರ ತಂದೆ ಕಲಿತದ್ದು. ಪಟ್ಟಿ ವೃತ್ತಪತ್ರಿಕೆಯದು, ನನ್ನ ಲೇಖನವಿದ್ದ ಹಾಳೆಯೇ ಇರಬಹುದೆಂದು ತಮಾಷೆ ಮಾಡಿದೆ. ಇಲ್ಲ ಸಾರ್, ಅದನ್ನು ಎತ್ತಿಟ್ಟಿದ್ದೇನೆ ಎಂದರು. ನನಗೆ ನಗಲು ಆಗಲಿಲ್ಲ.

ಆ ಲೇಖನ ಈಗ ಒಂದು ಸಂಕಲನದಲ್ಲಿ ಸೇರುತ್ತಿದೆ. ‘ಪಾಳುಬಿದ್ದ’ ಎಂಬುದನ್ನು ಹೊಡೆದುಹಾಕಿದ್ದೇನೆ. ಅದರ ಜಾಗದಲ್ಲಿ ಏನು ಬರೆಯಲೆಂದು ಅವರಿಗೆ ಫೋನು ಮಾಡಿ ಕೇಳಿದೆ. ಏನೂ ಬೇಡ, ಬರೀ ಉರಿಗಾಂ ಎಂದು ಬರೆಯಿರಿ ಎಂದು ಹೇಳಿ, ಗಾಡಿಯ ಹೊತ್ತಾಯಿತು, ಮೊಮ್ಮಗಳನ್ನು ಸ್ಟೇಷನ್ನಿಗೆ ಬಿಟ್ಟು ಬರಬೇಕು ಎಂದು ಫೋನು ಇಟ್ಟರು.